ಕನ್ನಡಕದ ವಾರಂಟಿ ಕ್ಲೈಮ್: ಸಹಾಯ ಬೇಕು

ನಮಸ್ಕಾರ ಎಲ್ಲರಿಗೂ. ನಾಲ್ಕು ತಿಂಗಳ ಹಿಂದೆ ಹುಬ್ಬಳ್ಳಿಯ ಒಂದು ಅಂಗಡಿಯಲ್ಲಿ ಮಗನಿಗೆ ಕನ್ನಡಕ ಮಾಡಿಸಿದೆ. ಒಂದು ವರ್ಷದ ವಾರಂಟಿ. ಈಗ ಲೆನ್ಸಿನ ಕೋಟಿಂಗ್ ಅಂಚಿನಿಂದ ಸಿಪ್ಪೆಯಂತೆ ಏಳುತ್ತಿದೆ. ಗೀರು ಒಂದೂ ಇಲ್ಲ. ಅಂಗಡಿಯವರು "ಬಿಸಿಲಲ್ಲಿ ಕಾರಿನೊಳಗೆ ಇಟ್ಟಿರ್ತೀರಿ" ಅನ್ನುತ್ತಾರೆ. ಬಿಸಿಗೆ ಕೋಟಿಂಗ್ ಹಾಳಾಗುವುದು ನಿಜ, ಒಪ್ಪುತ್ತೇನೆ. ಆದರೆ ನಮ್ಮ ಮನೆಯಲ್ಲಿ ಕಾರೇ ಇಲ್ರೀ!

ಜಿಎಸ್‌ಟಿ ಬಿಲ್ ಇದೆ. ವಾರಂಟಿ ಕಾರ್ಡಿಗೆ ಮಾತ್ರ ಸೀಲು ಹಾಕಿಸಿಲ್ಲ, ಅದು ನನ್ನದೇ ತಪ್ಪು. ಬಿಲ್ ಒಂದೇ ಸಾಕಾಗುತ್ತದಾ? ಲೆನ್ಸ್ ಕಂಪನಿಗೆ ನೇರವಾಗಿ ಮೇಲ್ ಹಾಕಲಾ, ಇಲ್ಲ ಗ್ರಾಹಕರ ಸಹಾಯವಾಣಿ 1915ಕ್ಕೆ ಫೋನ್ ಮಾಡಲಾ? ಧಾರವಾಡದ ಗ್ರಾಹಕರ ಆಯೋಗದಲ್ಲಿ 5 ಲಕ್ಷದವರೆಗಿನ ಖರೀದಿಗೆ ದೂರಿನ ಶುಲ್ಕ ಇಲ್ಲ, ಸರಿ. ಆದರೂ 2,400 ರೂಪಾಯಿಗೆ ಅಷ್ಟು ಅಲೆಯುವುದು ಜಾಸ್ತಿ ಆಯ್ತು, ಅಲ್ವಾ?

ಕ್ಲೈಮ್ ಮಾಡಿ ಗೆದ್ದವರು ಇದ್ದರೆ ಹೇಳಿ. ಹುಡುಗನಿಗೆ ಬೋರ್ಡ್ ಮಸುಕಾಗಿ ಕಾಣುತ್ತಿದೆಯಂತೆ.