ಸಿಲಿಂಡರಲ್ಲಿ ಗ್ಯಾಸ್ ಉಂಟು, ಒಲೆಯಲ್ಲಿ ಬೆಂಕಿ ಇಲ್ಲ!

ಪ್ರಶ್ನೆ (ಅಡುಗೆ ಕಾಂಟ್ರಾಕ್ಟ್, ಕಾಪು): ಅಣ್ಣ, ಮದುವೆ ಅಡುಗೆಗೆ 19 ಕೆಜಿ ಸಿಲಿಂಡರ್ ಒಂದಕ್ಕೇ ದೊಡ್ಡ ಒಲೆ ಕೊಟ್ಟಿದ್ದೆವು. ಮೊದಲು ಜೋರಿದ್ದ ಬೆಂಕಿ ಸಾಂಬಾರು ಕುದಿಯುವ ಹೊತ್ತಿಗೆ ಸಣ್ಣ ಆಯ್ತು. ಅಲ್ಲಾಡಿಸಿದರೆ ಒಳಗೆ ಗುಳುಗುಳು ಅಂತದೆ. ಹೊರಗೆ ಮೈಯೆಲ್ಲ ನೀರು, ಮುಟ್ಟಿದರೆ ಐಸಿನ ಹಾಗೆ. ಲೀಕಾ? ನಮ್ಮ ಹುಡುಗರು ಕುದಿನೀರು ಹೊಯ್ಯುವ ಅಂತಾರೆ.

ಉತ್ತರ (ಹೋಟೆಲ್ ಗ್ಯಾಸ್ ಲೈನ್ ಕೆಲಸ, ಮಂಗಳೂರು): ವಾಸನೆ ಇಲ್ಲದಿದ್ದರೆ ಲೀಕ್ ಅಲ್ಲ ಮಾರಾಯ್ರೆ. ಒಳಗೆ ಇರುವುದು ಒತ್ತಡದಲ್ಲಿ ದ್ರವವಾಗಿರುವ ಪ್ರೊಪೇನ್, ಬ್ಯೂಟೇನ್. ಒಲೆಗೆ ಹೋಗುವುದು ಅದರ ಮೇಲೆ ನಿಂತಿರುವ ಅನಿಲ. ನೀವು ಎಳೆದಷ್ಟೂ ದ್ರವ ಕುದಿದು ಅನಿಲ ಆಗಬೇಕು, ಅದಕ್ಕೆ ಶಾಖ ಬೇಕು. ಒಂದು ಕೆಜಿ ಆವಿಯಾಗಲು ಬೇಕಾದ ಶಾಖದಲ್ಲಿ ಒಂದು ಲೀಟರ್ ಬಾವಿ ನೀರನ್ನು ಕುದಿಸಬಹುದು! ಆ ಶಾಖವನ್ನು ದ್ರವ ತನ್ನಿಂದ, ಸಿಲಿಂಡರಿನ ಕಬ್ಬಿಣದಿಂದ ತೆಗೆದುಕೊಳ್ಳುತ್ತದೆ. ಹೊರಗಿನ ಗಾಳಿ ಅಷ್ಟು ಬೇಗ ತುಂಬಿಕೊಡುವುದಿಲ್ಲ. ಹಾಗಾಗಿ ಸಿಲಿಂಡರ್ ತಣ್ಣಗಾಗುತ್ತದೆ, ಒತ್ತಡ ಇಳಿಯುತ್ತದೆ, ಬೆಂಕಿ ಸೋಲುತ್ತದೆ.

ಇನ್ನೊಂದು ಉಂಟು. ಪ್ರೊಪೇನ್ ಮೈನಸ್ 42 ಡಿಗ್ರಿಯಲ್ಲೇ ಕುದಿಯುತ್ತದೆ, ಬ್ಯೂಟೇನಿಗೆ ಹೆಚ್ಚುಕಡಿಮೆ ಸೊನ್ನೆ ಡಿಗ್ರಿ ಬೇಕು. ಮೊದಲು ಹೆಚ್ಚು ಖಾಲಿಯಾಗುವುದು ಪ್ರೊಪೇನ್. ಕೊನೆಗೆ ಉಳಿಯುವ ಬ್ಯೂಟೇನ್ ಚಳಿ ಹಿಡಿದ ಸಿಲಿಂಡರಲ್ಲಿ ಏಳುವುದೇ ಇಲ್ಲ.

ಕುದಿನೀರು ಬೇಡವೇ ಬೇಡ, ಬೆಂಕಿ ಹಿಡಿಯುವುದಂತೂ ಹುಚ್ಚು. ಒತ್ತಡ ಒಮ್ಮೆಲೇ ಏರುತ್ತದೆ. ಎರಡು ಸಿಲಿಂಡರ್ ಒಟ್ಟಿಗೆ ಜೋಡಿಸಿ, ಒಂದೊಂದರ ಮೇಲಿನ ಹೊರೆ ಅರ್ಧ ಆಗುತ್ತದೆ. ಈ ಜೋಡಣೆ ತಿಳಿದವರಿಂದಲೇ ಮಾಡಿಸಿ. ಅಷ್ಟರವರೆಗೆ ರೆಗ್ಯುಲೇಟರ್ ಒದ್ದೆಯಾಗದ ಹಾಗೆ ಬದಿಗೆ ಬಾವಿ ನೀರು ಹೊಯ್ಯಿರಿ. ಐಸಾದ ಸಿಲಿಂಡರಿಗೆ ಅದೇ ಬಿಸಿನೀರು.

ಪ್ರಶ್ನೆ (ಕ್ಯಾಂಟೀನ್, ಸುರತ್ಕಲ್): ನಮ್ಮಲ್ಲಿ ಅಡ್ಡ ಮಲಗಿಸುತ್ತಾರೆ. ಬೆಂಕಿ ಜೋರು ಬರುತ್ತದೆ, ಸತ್ಯ!

ಉತ್ತರ: ಬರದೆ ಏನು? ಅನಿಲದ ಬದಲು ದ್ರವವೇ ಪೈಪಿಗೆ ಹೋಗುತ್ತದೆ. ಆ ದ್ರವ ಒಂದು ಲೀಟರ್ ಹೊರಬಂದರೆ ಸುಮಾರು 250 ಲೀಟರ್ ಅನಿಲ. ಗಾಳಿಗಿಂತ ಭಾರ, ನೆಲದಲ್ಲೇ ಹರಡಿ ನಿಲ್ಲುತ್ತದೆ. ಇವತ್ತೇ ನೆಟ್ಟಗೆ ನಿಲ್ಲಿಸಿ. ವಾಸನೆ ಬಂದರೆ ವಾಲ್ವ್ ಬಂದ್ ಮಾಡಿ, ಸ್ವಿಚ್ ಮುಟ್ಟದೆ ಹೊರಗೆ ಹೋಗಿ 1906ಕ್ಕೆ ಫೋನ್ ಮಾಡಿ.

ಪ್ರಶ್ನೆ (ಗೃಹಿಣಿ, ಮಣಿಪಾಲ): ಮನೆಯ 14.2 ಕೆಜಿಯದ್ದು ಬೆವರುವುದಿಲ್ಲವಲ್ಲ?

ಉತ್ತರ: ಅಕ್ಕ, ಮನೆ ಒಲೆ ನಿಧಾನ ಎಳೆಯುತ್ತದೆ, ಅಷ್ಟು ಶಾಖವನ್ನು ಸುತ್ತಲಿನ ಗಾಳಿಯೇ ಕೊಡುತ್ತದೆ. ಬೆವರು ಒಳಗಿನದ್ದಲ್ಲ, ನಮ್ಮ ಕರಾವಳಿ ಗಾಳಿಯ ತೇವ ತಣ್ಣನೆ ಕಬ್ಬಿಣಕ್ಕೆ ತಾಗಿ ನೀರಾದದ್ದು. ಎಷ್ಟು ಉಳಿದಿದೆ ಅಂತ ನೋಡಬೇಕಾದರೆ ಒದ್ದೆ ಬಟ್ಟೆಯಲ್ಲಿ ಒರೆಸಿ. ದ್ರವ ಇರುವಲ್ಲಿಯವರೆಗೆ ತಡವಾಗಿ ಒಣಗುತ್ತದೆ.