ಪದಚರ್ಚೆ: ‘ಕ್ಯಾರೆಕ್ಟರ್ ಆಕ್ಟರ್’ಗೆ ‘ಪೋಷಕ ನಟ’ ಸಾಕೇ?

ಪ್ರಶ್ನೆ: ಇಟಲಿಯ ನಟ ಮಾರಿಯೋ ಬ್ರೇಗಾ (1923–1994) ಕುರಿತ ಬರಹವನ್ನು ಕನ್ನಡಕ್ಕೆ ತರುತ್ತಿದ್ದೇನೆ. ಇಟಲಿಯವರು ಆತನನ್ನು ‘ಕರಾತ್ತೆರಿಸ್ತಾ’, ಅಂದರೆ ಕ್ಯಾರೆಕ್ಟರ್ ಆಕ್ಟರ್ ಎನ್ನುತ್ತಾರೆ. ಪೋಷಕ ನಟ, ಚರಿತ್ರ ನಟ, ಖಳನಟ: ಯಾವುದನ್ನು ಬಳಸಲಿ? ಟೈಟಲ್‌ ಕಾರ್ಡಿನ ಹುಸಿ ಹೆಸರಿಗೆ, ಡಬ್ಬಿಂಗ್‌ಗೆ ಏನೆನ್ನಲಿ?

ಉತ್ತರ: ‘ಚರಿತ್ರ ನಟ’ವನ್ನು ಮೊದಲು ಕೈಬಿಡಿ. ನಮ್ಮ ಓದುಗರಿಗೆ ಚರಿತ್ರೆ ಎಂದರೆ ಇತಿಹಾಸ. ಐತಿಹಾಸಿಕ ಚಿತ್ರಗಳ ನಟನೆಂದುಕೊಳ್ಳುತ್ತಾರೆ. ‘ಪೋಷಕ ನಟ’ ತಪ್ಪಲ್ಲ, ಆದರೆ ಅದು ಒಂದು ಚಿತ್ರದೊಳಗಿನ ಸ್ಥಾನವನ್ನಷ್ಟೇ ಹೇಳುತ್ತದೆ. ಕರಾತ್ತೆರಿಸ್ತಾ ಎಂಬುದು ಜೀವಮಾನದ ಕಸುಬು: ಒಂದು ಬಗೆಯ ಮನುಷ್ಯನನ್ನು ಚಿತ್ರದಿಂದ ಚಿತ್ರಕ್ಕೆ ಕಟ್ಟಿಕೊಡುವವನು. ಯಕ್ಷಗಾನದಲ್ಲಿ ‘ಬಣ್ಣದ ವೇಷದವರು’ ಅಂದಾಗ ನಮಗೆ ಈ ಅರ್ಥ ತಟ್ಟನೆ ಹೊಳೆಯುತ್ತದೆ. ಸಿನಿಮಾಕ್ಕೆ ಅಂಥ ಪದ ನೆಲೆಯೂರಿಲ್ಲ. ಗಾಂಧಿನಗರದಲ್ಲೂ ‘ಕ್ಯಾರೆಕ್ಟರ್ ಆರ್ಟಿಸ್ಟ್’ ಅಂತಲೇ ನಡೆಯುತ್ತದೆ. ಹಾಗಾಗಿ ಮೊದಲ ಸಲ ‘ಒರಟರ ಪಾತ್ರಗಳಿಗೆ ಹೆಸರಾದ ಪೋಷಕ ನಟ’ ಎಂದು ಬಿಡಿಸಿ ಬರೆಯಿರಿ, ಮುಂದೆ ‘ಪೋಷಕ ನಟ’ ಸಾಕು.

‘ಖಳನಟ’ ಅರ್ಧ ದಾರಿಗೆ ಮಾತ್ರ ಹೊಂದುತ್ತದೆ. ನಿರ್ದೇಶಕ ಸೆರ್ಜಿಯೋ ಲಿಯೋನೆಯ ‘ಡಾಲರ್’ ಸರಣಿಯ ಮೂರು ಕೌಬಾಯ್ ಚಿತ್ರಗಳಲ್ಲೂ (1964, 1965, 1966) ಬ್ರೇಗಾ ಕೇಡಿಗರ ಪಕ್ಷವೇ. ಮೂರನೆಯದರಲ್ಲಿ ಸೆರೆಶಿಬಿರದ ಕಾರ್ಪೊರಲ್ ವ್ಯಾಲೇಸ್ ಆಗಿ ಟುಕೋ ಎಂಬ ಡಕಾಯಿತನಿಗೆ ಹೊಡೆಯುತ್ತಾನೆ, ಹೊರಗೆ ಕೈದಿಗಳ ವಾದ್ಯಮೇಳ ನುಡಿಯುತ್ತಿರುತ್ತದೆ. ಆಮೇಲೆ ಟುಕೋ ಅವನನ್ನು ಓಡುವ ರೈಲಿನಿಂದ ಕೆಡವಿ ಕೊಂದು, ಇಬ್ಬರನ್ನೂ ಬಿಗಿದಿದ್ದ ಸರಪಳಿಯನ್ನು ಹಳಿಯ ಮೇಲಿಟ್ಟು ಮುಂದಿನ ರೈಲಿನಿಂದ ಕತ್ತರಿಸಿಕೊಳ್ಳುತ್ತಾನೆ. ಆದರೆ ನಟ-ನಿರ್ದೇಶಕ ಕಾರ್ಲೋ ವೆರ್ದೋನೆಯ ಹಾಸ್ಯಚಿತ್ರಗಳಲ್ಲಿ ಇದೇ ದಪ್ಪ ಆಳು 1980ರಲ್ಲಿ ಹಿಪ್ಪಿ ಮಗನ ಅಪ್ಪ, 1981ರಲ್ಲಿ ಅಜ್ಜಿಗೆ ಇಂಜೆಕ್ಷನ್ ಚುಚ್ಚುವ ಲಾರಿ ಚಾಲಕ. ಒರಟುತನ ಅದೇ, ಕೇಡಿಲ್ಲ. ಈ ಅರ್ಧವನ್ನು ಬಿಟ್ಟರೆ ಬರಹ ಕುಂಟುತ್ತದೆ.

ಲಿಯೋನೆಯ 1964ರ ಚಿತ್ರದ ಟೈಟಲ್‌ ಕಾರ್ಡಿನಲ್ಲಿ ಬ್ರೇಗಾನ ಹೆಸರು ‘ರಿಚರ್ಡ್ ಸ್ಟೈವೆಸೆಂಟ್’. ಸಹನಟ ಜಾನ್ ಮರಿಯಾ ವೊಲೊಂತೆ ‘ಜಾನ್ ವೆಲ್ಸ್’, ಲಿಯೋನೆ ‘ಬಾಬ್ ರಾಬರ್ಟ್‌ಸನ್’, ಸಂಗೀತದ ಎನ್ನಿಯೋ ಮೊರಿಕೋನೆ ‘ಡ್ಯಾನ್ ಸಾವಿಯೋ’: ಚಿತ್ರ ಅಮೆರಿಕದ್ದೆಂದು ಕಾಣಲಿ ಎಂಬ ಉಪಾಯ. ‘ಕಾವ್ಯನಾಮ’ ಕವಿಗಳಿಗೆ, ‘ಬೆಳ್ಳಿತೆರೆಯ ಹೆಸರು’ ಅಂದರೆ ಮುತ್ತುರಾಜ್ ರಾಜ್‌ಕುಮಾರ್ ಆದಂತೆ ಶಾಶ್ವತ ಹೆಸರು. ಇಲ್ಲಿಗೆ ‘ಬದಲಿ ಹೆಸರು’ ಸಾಕು. ಚಿತ್ರಪಟ್ಟಿಯಲ್ಲಿ ಎರಡನ್ನೂ ಅಕ್ಕಪಕ್ಕ ಕೊಡಿ, ಇಲ್ಲದಿದ್ದರೆ ಓದುಗರು ಇಬ್ಬರು ನಟರೆಂದು ಎಣಿಸುತ್ತಾರೆ.

‘ಡಬ್ಬಿಂಗ್’ ಅಂದರೆ ನಮ್ಮಲ್ಲಿ ಮೊದಲು ನೆನಪಾಗುವುದು ಪರಭಾಷಾ ಚಿತ್ರ. ಆಗಿನ ಇಟಲಿಯಲ್ಲಿ ಇಟಾಲಿಯನ್ ಚಿತ್ರಗಳಿಗೂ ಮಾತನ್ನು ಚಿತ್ರೀಕರಣದ ನಂತರ ಸ್ಟುಡಿಯೋದಲ್ಲಿ ಸೇರಿಸುತ್ತಿದ್ದರು. ಅದನ್ನು ಹಾಗೆಯೇ ಬರೆಯಿರಿ. ‘ಕಂಠದಾನ’ವನ್ನು ಒಬ್ಬರ ಮುಖಕ್ಕೆ ಇನ್ನೊಬ್ಬರ ದನಿ ಇದ್ದಲ್ಲಿ ಮಾತ್ರ ಬಳಸಿ. ವೆರ್ದೋನೆಯ ಚಿತ್ರಗಳಲ್ಲಿ ಬ್ರೇಗಾನ ಮಾತೇ ಪಾತ್ರದ ಜೀವಾಳ. ಅದಕ್ಕೆ ‘ಗ್ರಾಮ್ಯ’ ಅನ್ನಬೇಡಿ. ಅದು ರೋಮ್ ನಗರದ್ದೇ ಆಡುನುಡಿ.