ಬೈಗುಳಕ್ಕೆ ಹೆಸರಾದ ಲೇಖಕ ಟಿವಿಯಲ್ಲಿ ಇಷ್ಟು ತಣ್ಣಗಾ?

ಪ್ರಶ್ನೆ:
ಆಸ್ಟ್ರಿಯಾದ ಥಾಮಸ್ ಬರ್ನ್‌ಹಾರ್ಡ್ ಬಗ್ಗೆ ಫೆರಿ ರಾಡಾಕ್ಸ್ 1970ರಲ್ಲಿ ಮಾಡಿದ ಟಿವಿ ಚಿತ್ರ ‘ಮೂರು ದಿನಗಳು’ ನೋಡಿದೆ. ತನ್ನ ದೇಶಕ್ಕೇ ಉಗಿದ ಮನುಷ್ಯ, ಮೇಜು ಕುಟ್ಟಿ ಕೂಗಾಡುತ್ತಾನೆ ಅಂದುಕೊಂಡಿದ್ದೆ. ನೋಡಿದರೆ ಪಾರ್ಕಿನ ಬಿಳಿ ಬೆಂಚಿನ ಮೇಲೆ ಕೂತು ಮೆಲ್ಲಗೆ ಮಾತಾಡುತ್ತಾನೆ, ಅಷ್ಟೇ. ಸಿಟ್ಟೂ ಇಲ್ಲ, ಆಸ್ಟ್ರಿಯಾನೂ ಕಾಣಲ್ಲ. ನಾನೇ ಏನಾದರೂ ತಪ್ಪಿಸಿಕೊಂಡೆನಾ?

ಉತ್ತರ 1:
ಸಿಟ್ಟು ಇದೆ, ಆದರೆ ಕತೆಗಳ ಮೇಲೆ. ತಾನು ಕತೆ ಕೆಡಿಸುವವನು, ಗದ್ಯದ ಗುಡ್ಡದ ಹಿಂದೆ ಎಲ್ಲಾದರೂ ಕತೆ ಸುಳಿದಂತೆ ಕಂಡರೆ ಗುಂಡು ಹೊಡೆದುಬಿಡುತ್ತೇನೆ ಅನ್ನುತ್ತಾನಲ್ಲ, ಆ ಭಾಗ ಇನ್ನೊಮ್ಮೆ ಕೇಳಿ. ದನಿ ಏರಿಸುವುದೇ ಇಲ್ಲ, ಅಲ್ವಾ?

ಉತ್ತರ 2:
ಆಸ್ಟ್ರಿಯಾ ಹೇಗೆ ಕಾಣಬೇಕು ಸ್ವಾಮಿ, ಆ ಬೆಂಚು ಇದ್ದದ್ದೇ ಜರ್ಮನಿಯ ಹ್ಯಾಂಬರ್ಗ್‌ನಲ್ಲಿ! ಅವನ ಸಮಾಜ ನೋಡಬೇಕಿದ್ದರೆ 1988ರ ವಿಯೆನ್ನಾಕ್ಕೆ ಬನ್ನಿ. ಬುರ್ಗ್‌ಥಿಯೇಟರಿನಲ್ಲಿ ಕ್ಲಾಸ್ ಪೈಮನ್ ನಿರ್ದೇಶನದಲ್ಲಿ ಬರ್ನ್‌ಹಾರ್ಡ್ ಬರೆದ ನಾಟಕ ‘ಹೆಲ್ಡನ್‌ಪ್ಲಾಟ್ಸ್’. 1938ರಲ್ಲಿ ಜನ ಸೇರಿ ಹಿಟ್ಲರನಿಗೆ ಜೈಕಾರ ಹಾಕಿದ ಚೌಕದ ಹೆಸರು ಅದು. ನಾಟಕ ಶುರುವಾಗುವ ಹೊತ್ತಿಗೆ ಯಹೂದಿ ಪ್ರೊಫೆಸರ್ ಕಿಟಕಿಯಿಂದ ಹಾರಿ ಸತ್ತಾಗಿದೆ. ಅವನ ಹೆಂಡತಿಯ ಕಿವಿಯಲ್ಲಿ 50 ವರ್ಷವಾದರೂ ಆ ಜೈಕಾರ ನಿಂತಿಲ್ಲ. ಕೊನೆಯ ದೃಶ್ಯದಲ್ಲಿ ಅದು ನಮಗೂ ಕೇಳತೊಡಗುತ್ತದೆ. ಜೋರಾಗುತ್ತಾ ಹೋಗುತ್ತದೆ. ಆಕೆ ಊಟದ ಮೇಜಿನ ಮೇಲೆ ಮುಖ ಅಡಿಯಾಗಿ ಕುಸಿಯುತ್ತಾಳೆ.

ಗಲಾಟೆಯಾದದ್ದು ಮಾತ್ರ ನಾಟಕ ನೋಡಿ ಅಲ್ಲ. ಪತ್ರಿಕೆಗಳಿಗೆ ಮೊದಲೇ ಸಿಕ್ಕ ನಾಲ್ಕು ಸಾಲು ಓದಿ! ಆಸ್ಟ್ರಿಯಾದ ಜನರಿಗೆ ಇದು ಅವಮಾನ ಎಂದರು ಅಧ್ಯಕ್ಷ ವಾಲ್ಡ್‌ಹೈಮ್. ಯುದ್ಧಕಾಲದಲ್ಲಿ ತಾವೇನು ಮಾಡುತ್ತಿದ್ದೆವು ಎಂಬುದನ್ನು ಮುಚ್ಚಿಟ್ಟು, ಅದು ಬಯಲಾದರೂ 1986ರ ಚುನಾವಣೆ ಗೆದ್ದ ಅದೇ ವಾಲ್ಡ್‌ಹೈಮ್. ಥಿಯೇಟರ್ ಮುಂದೆ ಸಗಣಿಗೊಬ್ಬರ ತಂದು ಸುರಿದದ್ದೂ ಆಯಿತು. ರಾಡಾಕ್ಸ್ ಕ್ಯಾಮೆರಾ ಇಡಬೇಕಿದ್ದ ಜಾಗ ಅದು ಅಂತ ನನಗನಿಸುತ್ತದೆ.

ಉತ್ತರ 3:
ಬರ್ನ್‌ಹಾರ್ಡ್ ಕೂಡ ಸುಮ್ನೆ ಬಿಡಲಿಲ್ಲ. 1989ರ ಫೆಬ್ರವರಿಯಲ್ಲಿ ತೀರಿಕೊಂಡಾಗ ವಿಲ್ ಹೊರಬಂತು: ತನ್ನ ಕೃತಿಗಳನ್ನು ಆಸ್ಟ್ರಿಯಾದಲ್ಲಿ ಅಚ್ಚು ಹಾಕಬಾರದು, ನಾಟಕ ಆಡಬಾರದು. ಆಮೇಲೆ ವಾರಸುದಾರರು ಸಡಿಲ ಬಿಟ್ಟರು ಅನ್ನಿ.

ಪ್ರಶ್ನೆ ಕೇಳಿದವರು:
ಹಾಗಾದರೆ ಆಸ್ಟ್ರಿಯಾಕ್ಕೆ ಬೈಯುವ ಬರ್ನ್‌ಹಾರ್ಡ್ ಟಿವಿಯಲ್ಲಿ ಎಲ್ಲೂ ಸಿಗಲ್ವಾ?

ಉತ್ತರ 2:
ಸಿಗುತ್ತಾನೆ. 1981ರಲ್ಲಿ ಕ್ರಿಸ್ಟಾ ಫ್ಲೈಶ್‌ಮನ್ ಮಯೋರ್ಕಾ ದ್ವೀಪದಲ್ಲಿ ಮಾತಾಡಿಸಿದ್ದು ನೋಡಿ. ಬೈಗುಳಕ್ಕಿಂತ ತಮಾಷೆಯೇ ಜಾಸ್ತಿ, ಈಗಲೇ ಹೇಳಿರುತ್ತೇನೆ.